ಗುರುಪುತ್ರಪ್ಪನ ದನಿ

ಗುರುಪುತ್ರಪ್ಪ ಮೊದಲ ಸಲ ಮುದುಕನ ವೇಷ ಹಾಕಿದಾಗ ಅವನಿಗೆ ಇಪ್ಪತ್ತಮೂರು ವರ್ಷ. ನಾಟಕ ಕಂಪನಿ ಬೆಳಗಾವಿಯಲ್ಲಿ ಕ್ಯಾಂಪ್ ಮಾಡಿತ್ತು. ತಂದೆಯ ಪಾತ್ರ ಮಾಡುತ್ತಿದ್ದ ಹಿರಿಯ ನಟನಿಗೆ ಮೈ ಸುಡುವ ಜ್ವರ. ಮಾಲಕ ತಮ್ಮಣ್ಣನವರು ಬಣ್ಣದ ಕೋಣೆಯಲ್ಲಿದ್ದವರ ಮುಖವನ್ನೆಲ್ಲ ಒಂದು ಸುತ್ತು ನೋಡಿ, ಕೊನೆಗೆ ಪರದೆಯ ಹಗ್ಗದ ಹತ್ತಿರ ನಿಂತಿದ್ದ ಇವನನ್ನು ಕರೆದರು. ಇವನಿಗೆ ಎಲ್ಲರ ಮಾತೂ ಬಾಯಿಪಾಠ ಇರುತ್ತಿತ್ತು. ತಲೆಗೆ ಬಿಳಿ ಪೌಡರ್ ಬಡಿದು, ಹೆಗಲಿಗೊಂದು ಶಾಲು ಹೊದಿಸಿ ರಂಗದ ಮೇಲೆ ಕಳಿಸಿದರು. ಅವನು ಮೆಲ್ಲಗೆ ನಡೆದು ಬಂದು, ಕುರ್ಚಿಯ ಕೈ ಹಿಡಿದು, ಮೊಣಕಾಲು ನೋಯುವವರು ಕೂಡುವ ಹಾಗೆ ಎರಡು ಸಲಕ್ಕೆ ಕೂತ. ತಗಡಿನ ಥಿಯೇಟರಿನಲ್ಲಿ ಶೇಂಗಾ ಸುಲಿಯುವ ಸದ್ದು ನಿಂತಿತು.

ಅವತ್ತಿನಿಂದ ಅವನಿಗೆ ಪ್ರಾಯದವನ ಪಾತ್ರ ಸಿಗಲಿಲ್ಲ. ಮೀಸೆ ಸರಿಯಾಗಿ ದಪ್ಪವಾಗದ ವಯಸ್ಸಿನಲ್ಲಿ, ತನಗಿಂತ ಹತ್ತು ವರ್ಷ ಹಿರಿಯಳಾದ ನಟಿಯನ್ನು ಮಗಳೇ ಎಂದು ಕರೆದು ಗಂಡನ ಮನೆಗೆ ಕಳಿಸಿಕೊಡುತ್ತಿದ್ದ. ತಂದೆ, ಮಾವ, ಊರಗೌಡ, ಮಠದ ಅಯ್ಯ, ಕೋರ್ಟಿನ ಮುಪ್ಪಿನ ಸಾಕ್ಷಿದಾರ, ಎಲ್ಲವೂ ಅವನವೇ. ಮೈಕು ಇರಲಿ ಇಲ್ಲದಿರಲಿ, ಅವನ ದನಿ ಕೊನೆಯ ಸಾಲಿನ ನೆಲದ ಟಿಕೆಟಿನವರೆಗೂ ಹೋಗುತ್ತಿತ್ತು. ಒರಟು ದನಿ. ನಡುವೆ ಎಲ್ಲೋ ಒಂದು ಸಣ್ಣ ಬಿರುಕು ಇತ್ತು, ಅಳುವ ಮಾತು ಬಂದಾಗ ಅದು ತಾನಾಗಿ ತೆರೆದುಕೊಳ್ಳುತ್ತಿತ್ತು.

ಆ ದನಿಯನ್ನು ಅವನ ತಾಯಿ ಅಕ್ಕವ್ವನಷ್ಟು ಬಲ್ಲವರು ಯಾರೂ ಇರಲಿಲ್ಲ. ಅಕ್ಕವ್ವ ಹಲಸಿಯ ಹೆಣ್ಣುಮಗಳು, ಮದುವೆಯಾಗಿ ಖಾನಾಪುರಕ್ಕೆ ಬಂದವಳು. ಗುರುಪುತ್ರಪ್ಪ ಹನ್ನೆರಡರವನಿದ್ದಾಗ ಅವಳ ಎರಡೂ ಕಣ್ಣು ಕೆಂಪೇರಿ ನೋಯತೊಡಗಿದವು. ಯಾರೋ ಸೊಪ್ಪಿನ ರಸ ಹಾಕಿದರು. ಒಂದು ತಿಂಗಳಲ್ಲಿ ಬೆಳಕು ಪೂರ್ತಿ ಹೋಯಿತು. ಮರುವರ್ಷ ಗಂಡನೂ ತೀರಿಕೊಂಡ. ಮಗನ ಮುಖ ಅವಳ ನೆನಪಿನಲ್ಲಿ ಹನ್ನೆರಡು ವರ್ಷದ್ದಾಗಿಯೇ ಉಳಿಯಿತು. ಅಲ್ಲಿಂದ ಮುಂದೆ ಅವನು ಬೆಳೆದದ್ದು, ಮೀಸೆ ಬಂದದ್ದು, ದಣಿದದ್ದು, ಸುಳ್ಳು ಹೇಳಿದ್ದು, ಎಲ್ಲವನ್ನೂ ಅವಳು ದನಿಯಲ್ಲೇ ತಿಳಿದುಕೊಂಡಳು.

ಕಂಪನಿ ಬೆಳಗಾವಿಯಲ್ಲಿದ್ದಾಗಲೆಲ್ಲ ಭಾನುವಾರ ಮಧ್ಯಾಹ್ನದ ಆಟಕ್ಕೆ ಸೊಸೆ ಚಂದ್ರವ್ವ ಅವಳನ್ನು ಖಾನಾಪುರದಿಂದ ರೈಲಿನಲ್ಲಿ ಕರೆತರುತ್ತಿದ್ದಳು. ರಂಗದ ಬಾಜುವಿನ ವಿಂಗಿನಲ್ಲಿ, ಬಟ್ಟೆಯ ಟ್ರಂಕಿನ ಮೇಲೆ ಅವಳ ಜಾಗ. ಆಟ ಮುಗಿದ ಮೇಲೆ ಮಗ ಬಂದು ಕಾಲ ಬಳಿ ಕೂತರೆ ಒಂದೊಂದಾಗಿ ಹೇಳುತ್ತಿದ್ದಳು.

"ಎರಡನೇ ಅಂಕದಾಗ ನಿನಗ ಕೆಮ್ಮ ಬಂದಿತ್ತು. ನುಂಗಿದಿ."

"ಹೂಂ ಯವ್ವ."

"ಮಗಳನ್ನ ಕಳಸೂ ಮುಂದ ಇವತ್ತ ನೀ ಅಳಲಿಲ್ಲ. ಅತ್ತಂಗ ಮಾಡಿದಿ."

ಅವನು ನಗುತ್ತಿದ್ದ. ಪೇಪರಿನವರು ಬರೆದದ್ದನ್ನು ಮರೆಯುತ್ತಿದ್ದ, ತಾಯಿ ಹೇಳಿದ್ದನ್ನು ಮರುದಿನ ತಿದ್ದಿಕೊಳ್ಳುತ್ತಿದ್ದ.

ಎಪ್ಪತ್ತನಾಲ್ಕರಲ್ಲಿ ಮದರಾಸಿನ ಸಿನಿಮಾ ನಿರ್ದೇಶಕರೊಬ್ಬರು ಬೆಳಗಾವಿಗೆ ಬಂದವರು ಹಾಗೇ ನಾಟಕ ನೋಡಿದರು. ಆಟ ಮುಗಿದ ಮೇಲೆ ಬಣ್ಣದ ಕೋಣೆಗೆ ಬಂದು ಮುದುಕನನ್ನು ಹುಡುಕಿದರು. ಪೌಡರ್ ತೊಳೆದುಕೊಂಡು ನಿಂತಿದ್ದ ಮೂವತ್ತೊಂಬತ್ತರ ಗುರುಪುತ್ರಪ್ಪನನ್ನು ತೋರಿಸಿದಾಗ ಅವರಿಗೆ ನಂಬಿಕೆಯಾಗಲಿಲ್ಲ. ಹದಿನೈದು ದಿನಕ್ಕೆ ತಂತಿ ಬಂತು. ನಾಯಕಿಯ ತಂದೆಯ ಪಾತ್ರ, ಆರು ದಿನದ ಕೆಲಸ.

ಮದರಾಸಿನಲ್ಲಿ ಅವನಿಗೆ ಎಲ್ಲವೂ ಹೊಸದು. ಎದುರಿಗೆ ಆಟ ನೋಡುವ ಜನರಿಲ್ಲ, ಸ್ಟುಡಿಯೋದಲ್ಲಿ ಕಟ್ಟಿದ್ದು ಮೂರೇ ಗೋಡೆಯ ಮನೆ. ಮಗಳು ಗಂಡನ ಮನೆಗೆ ಹೊರಡುವ ದೃಶ್ಯದಲ್ಲಿ ಅವನು ಬಾಗಿಲ ಚೌಕಟ್ಟು ಹಿಡಿದು, "ಮಗಳ, ಈ ಮನಿ ಹೊಸ್ತಲಾ ನಿನಗ ಎಂದೂ ಎತ್ತರ ಆಗದಂಗ ಇರಲಿ" ಎಂದ. ಕಾಗದದಲ್ಲಿ ಬರೆದದ್ದು ಬೇರೆ ಥರ ಇತ್ತು, ಬಾಯಿಗೆ ಬಂದದ್ದು ಹೀಗೆ. ಯಾರೂ ತಡೆಯಲಿಲ್ಲ. ಲೈಟು ಹಿಡಿದವರು ಕಣ್ಣೊರೆಸಿಕೊಂಡರು. ನಿರ್ದೇಶಕರು ಬೆನ್ನು ತಟ್ಟಿದರು. ಆ ಖುಷಿಯಲ್ಲೇ ಅವನು ಬೆಂಗಳೂರಿನ ಮೇಲೆ ಹಾಯ್ದು ಎರಡು ದಿನದ ರೈಲಿನಲ್ಲಿ ಊರಿಗೆ ಬಂದ.

ಸಿನಿಮಾ ಖಾನಾಪುರದ ಟೂರಿಂಗ್ ಟಾಕೀಸಿಗೆ ಬರುವಾಗ ಮರುವರ್ಷದ ಬೇಸಿಗೆ. ಬೆಳಗಾವಿಯಲ್ಲಿ ಅದಾಗಲೇ ಓಡಿ ಹೋಗಿತ್ತು, ಆಗ ಕಂಪನಿ ಗದಗಿನ ಕಡೆ ಇದ್ದುದರಿಂದ ಅವನು ನೋಡಿರಲಿಲ್ಲ. ಓಣಿಯ ಜನವೆಲ್ಲ ಹೊರಟಿತು. ಅಕ್ಕವ್ವ ಇಳಕಲ್ ಸೀರೆ ಉಟ್ಟುಕೊಂಡಳು. ಮಗನೇ ಕೈ ಹಿಡಿದು ಕರೆದೊಯ್ದು ಬೆಂಚಿನ ಮೇಲೆ ಕೂರಿಸಿ, ಬಾಜುವಿಗೆ ತಾನು ಕೂತ.

ಆಟ ಸುರುವಾದ ಕಾಲು ಗಂಟೆಗೆ ತೆರೆಯ ಮೇಲೆ ಅವನ ಮುಖ ಬಂತು, ಬಾಗಿಲಷ್ಟು ದೊಡ್ಡದಾಗಿ. ಡೇರೆಯಲ್ಲಿ ಸಿಳ್ಳೆ ಬಿದ್ದವು. ಆ ಮುಖ ಬಾಯಿ ತೆರೆದು ಮಾತಾಡಿತು. ಗುರುಪುತ್ರಪ್ಪ ತಿರುಗಿ ಹಿಂದೆ ನೋಡಿದ, ಬೇರೆ ಯಾರೋ ಮಾತಾಡಿದರೆಂದುಕೊಂಡು. ತೆರೆಯ ಮೇಲಿನ ಗುರುಪುತ್ರಪ್ಪ ಮೆತ್ತನೆಯ, ತುಂಬಿದ, ಮೈಸೂರಿನ ಕಡೆಯ ದನಿಯಲ್ಲಿ ಮಾತಾಡುತ್ತಿದ್ದ. ಒಂದೊಂದು ಅಕ್ಷರವೂ ತಿಕ್ಕಿ ತೊಳೆದಿಟ್ಟ ತಾಮ್ರದ ತಂಬಿಗೆಯ ಹಾಗೆ ಇತ್ತು. ಒಳ್ಳೆಯ ದನಿ. ಅದು ಅವನದಾಗಿರಲಿಲ್ಲ.

ಜನ ಒಂದು ಗಳಿಗೆ ಗುಸುಗುಸು ಅಂದರು, ಆಮೇಲೆ ಕಥೆಯಲ್ಲಿ ಮುಳುಗಿದರು. ಅಕ್ಕವ್ವ ಮಾತ್ರ ಕಿವಿ ತೆರೆಯ ಕಡೆ ಇಟ್ಟು, ಕತ್ತು ಚಾಚಿ ಕೂತಿದ್ದಳು. ಬಹಳ ಹೊತ್ತಿನ ಮೇಲೆ ಮಗನ ತೋಳು ಮುಟ್ಟಿದಳು.

"ನೀ ಯಾವಾಗ ಬರತಿ?"

ತೆರೆಯ ಮೇಲೆ ಅವನು ಆಗಲೇ ಅರ್ಧ ಕಥೆ ಮುಗಿಸಿದ್ದ.

"ಈಗ ಬರತೇನಿ ಯವ್ವ" ಎಂದ.

ಮಗಳನ್ನು ಕಳಿಸುವ ದೃಶ್ಯ ಬಂತು. ಬಾಗಿಲ ಚೌಕಟ್ಟು ಹಿಡಿದ ಮುಖ ಕಂಡಿತು. ಗುರುಪುತ್ರಪ್ಪ ತಾಯಿಯ ಕಿವಿಯ ಹತ್ತಿರ ಬಾಯಿ ಒಯ್ದು, ತೆರೆಯ ಮೇಲಿನ ತುಟಿಗಳನ್ನೇ ನೋಡುತ್ತ, ತನ್ನ ಮಾತನ್ನು ತಾನೇ ಆಡಿದ. ಮಗಳ, ಈ ಮನಿ ಹೊಸ್ತಲಾ ನಿನಗ ಎಂದೂ ಎತ್ತರ ಆಗದಂಗ ಇರಲಿ. ಹಿಂದಿನ ಬೆಂಚಿನವನು ಮರಾಠಿಯಲ್ಲಿ ಸುಮ್ಮನೆ ಕೂಡಲು ಹೇಳಿದ. ಇವನು ದನಿ ಇನ್ನೂ ತಗ್ಗಿಸಿ ಮಾತು ಮುಂದುವರಿಸಿದ. ಅಕ್ಕವ್ವನ ಮುಖ ಅರಳಿತು. ಆ ಸಿನಿಮಾ ಮುಗಿಯುವವರೆಗೂ ಅವನು ಹಾಗೇ ಕಿವಿಯಲ್ಲಿ ಹೇಳಿದ, ಅವಳು ಹಾಗೇ ಕೇಳಿದಳು. ಮನೆಗೆ ನಡೆದು ಬರುವಾಗ ಅವಳು ಒಂದೇ ಮಾತು ಕೇಳಿದಳು.

"ಅವ ಯಾರು, ನಿನ್ನ ಮಾತ ಆಡಾಂವ?"

"ಗೊತ್ತಿಲ್ಲ ಯವ್ವ."

"ಭೇಷ್ ಆಡ್ತಾನ. ಆದ್ರ ಅವಗ ಮಗಳಿಲ್ಲ ಬಿಡು."

ಆ ಸಿನಿಮಾ ಗೆದ್ದಿತು. "ಮಗಳೇ, ಈ ಮನೆಯ ಹೊಸ್ತಿಲು ನಿನಗೆಂದೂ ಎತ್ತರವಾಗದಿರಲಿ" ಎಂಬ ಮಾತನ್ನು ಜನ ಮದುವೆ ಮನೆಗಳಲ್ಲಿ ಹೇಳತೊಡಗಿದರು. ಗುರುಪುತ್ರಪ್ಪನಿಗೆ ಮೇಲಿಂದ ಮೇಲೆ ಕರೆ ಬಂತು. ತಂದೆ, ಡಾಕ್ಟರು, ಜಡ್ಜು, ಮತ್ತೆ ತಂದೆ. ಎಲ್ಲದರಲ್ಲೂ ಅದೇ ತಾಮ್ರದ ದನಿ. ಜನರಿಗೆ ಆ ಮುಖ ಮತ್ತು ಆ ದನಿ ಒಂದೇ ಆಗಿಹೋಗಿತ್ತು.

ಎಪ್ಪತ್ತೆಂಟರಲ್ಲಿ ಅವನು ಧೈರ್ಯ ಮಾಡಿ ಕೇಳಿದ, ಒಂದು ಸಿನಿಮಾಕ್ಕಾದರೂ ನನ್ನ ಮಾತು ನಾನೇ ಆಡುತ್ತೇನೆ ಎಂದು. ನಿರ್ದೇಶಕರು ಒಳ್ಳೆಯವರು. ದನಿ ತುಂಬುವ ಥಿಯೇಟರಿಗೆ ಕರೆದರು. ಕತ್ತಲ ಕೋಣೆ, ಮೈಕು, ಎದುರಿಗೆ ತನ್ನದೇ ಮೂಕ ಮುಖ. ಅವನು ಮಾತಾಡಿದ. ಗಾಜಿನ ಆಚೆ ಕೂತವರಲ್ಲಿ ಯಾರೋ ನಕ್ಕದ್ದು ಸಣ್ಣಗೆ ಕೇಳಿಸಿತು. ಕೆಟ್ಟ ನಗೆಯಲ್ಲ. ಅವನ ಪಾತ್ರ ಬೆಂಗಳೂರಿನ ಶ್ರೀಮಂತ ವಕೀಲನದು, ಆ ಬಾಯಲ್ಲಿ ಖಾನಾಪುರದ ಮಾತು ಬಂದರೆ ನಗು ಬರುತ್ತಿತ್ತು, ಅಷ್ಟೇ. ಮೂರು ಸಲ ಆಡಿಸಿದರು. ಕಾಗದದ ಹಾಗೆ ಆಡಲು ಹೋದರೆ ದನಿ ಸತ್ತುಹೋಗುತ್ತಿತ್ತು, ತನ್ನ ಹಾಗೆ ಆಡಿದರೆ ಅವರು ನಗುತ್ತಿದ್ದರು.

"ಬೇಡ ಬಿಡಿ ಸಾರ್. ನಿಮ್ಮ ಮುಖ ಸಾಕು ನಮಗೆ" ಎಂದರು ನಿರ್ದೇಶಕರು. ಅದು ಹೊಗಳಿಕೆ ಎಂದೇ ಅವರು ತಿಳಿದಿದ್ದರು.

ಮೂಲೆಯಲ್ಲಿ ಕೂತಿದ್ದ ಒಬ್ಬ ಸಣಕಲು ಮನುಷ್ಯ ಎದ್ದು ಬಂದ. ದಪ್ಪ ಕನ್ನಡಕ, ಇಸ್ತ್ರಿ ಹೋದ ಅಂಗಿ. ಗುರುಪುತ್ರಪ್ಪನ ಮುಖ ನೋಡದೆ ಮೈಕಿನ ಮುಂದೆ ನಿಂತು, ಒಂದೇ ಸಲಕ್ಕೆ ಎಲ್ಲ ಮಾತೂ ಮುಗಿಸಿ, ತಲೆ ತಗ್ಗಿಸಿ ಹೊರಗೆ ಹೋದ. ಹೆಸರು ಬಿಂದುಮಾಧವ ಎಂದು ಆಮೇಲೆ ತಿಳಿಯಿತು. ಚಹಾ ತಂದವನು ಇನ್ನೂ ಒಂದು ಮಾತು ಹೇಳಿದ, ಅವರೂ ನಿಮ್ಮ ಬೆಳಗಾವಿಯವರೇ, ಹಿಂದವಾಡಿಯವರಂತೆ ಎಂದು. ಮೈಸೂರಿನವನೋ ಬೆಂಗಳೂರಿನವನೋ ಆಗಿದ್ದರೆ ಗುರುಪುತ್ರಪ್ಪ ಸಹಿಸಿಕೊಳ್ಳುತ್ತಿದ್ದ. ತನ್ನ ಊರಿನವನೇ ತನ್ನ ಊರಿನ ಮಾತನ್ನು ಕಳಚಿಟ್ಟು ಬಂದು ತನ್ನ ಬಾಯೊಳಗೆ ಕೂತಿದ್ದಾನೆ ಎಂಬುದು ಎದೆಗೆ ಚುಚ್ಚಿತು. ಮುಂದಿನ ಕರೆ ಬಂದಾಗ, ನನ್ನ ದನಿ ಇದ್ದರೆ ಬರುತ್ತೇನೆ ಎಂದು ಕಾಗದ ಬರೆಸಿದ. ಉತ್ತರ ಬರಲಿಲ್ಲ. ಅದರ ಮುಂದಿನ ಕರೆಯೂ ಬರಲಿಲ್ಲ. ಆ ಹೊತ್ತಿಗೆ ಅವನು ಮಾಡಿಟ್ಟ ನಾಲ್ಕೈದು ಸಿನಿಮಾಗಳು ಒಂದೊಂದಾಗಿ ಊರೂರಿಗೆ ಬರುತ್ತಲೇ ಇದ್ದವು. ಮನುಷ್ಯ ಮನೆಯಲ್ಲಿ ಕೂತಿದ್ದ, ಮುಖ ಊರೂರು ತಿರುಗುತ್ತಿತ್ತು.

ಕಂಪನಿಗೂ ಆಗ ಕೆಟ್ಟ ಕಾಲ. ತಮ್ಮಣ್ಣನವರು ಎರಡು ವರ್ಷ ಆಟವನ್ನೇ ನಿಲ್ಲಿಸಿದ್ದರು. ಚಂದ್ರವ್ವನ ಅಣ್ಣ ಬೀರಣ್ಣ ಬೆಳಗಾವಿ ಹತ್ತಿರದ ಮಚ್ಛೆಯ ಒಂದು ಸಣ್ಣ ಕಾರ್ಖಾನೆಯಲ್ಲಿ ಮೇಸ್ತ್ರಿ. ಅವನು ಮೇಲಿನವರಿಗೆ ಹೇಳಿ ತಂಗಿಯ ಗಂಡನನ್ನು ಗೇಟಿನ ಕೆಲಸಕ್ಕೆ ಹಚ್ಚಿದ. ಖಾಕಿ ಹಾಕಿಕೊಂಡು ಗುರುಪುತ್ರಪ್ಪ ಒಳಗೆ ಹೋಗುವ ಲಾರಿಗಳಿಗೆ ಸರಪಳಿ ತೆಗೆಯುತ್ತಿದ್ದ. ಊಟದ ಬಿಡುವಿನಲ್ಲಿ ಕೆಲಸಗಾರರು ಬಂದು ಸುತ್ತ ನಿಲ್ಲುತ್ತಿದ್ದರು.

"ಆ ಹೊಸ್ತಲದ ಡೈಲಾಗ್ ಒಮ್ಮೆ ಹೇಳ್ರಿ ಕಾಕಾ."

ಅವನು ಹೇಳುತ್ತಿದ್ದ, ತನ್ನ ದನಿಯಲ್ಲಿ. ಅವರು ಒಬ್ಬರ ಮುಖ ಒಬ್ಬರು ನೋಡುತ್ತಿದ್ದರು.

"ಇವರಲ್ಲ ತಗೋ" ಎಂದ ಒಂದು ದಿನ ಒಬ್ಬ. "ಇವರಂಗ ಇರಾಂವ ಬ್ಯಾರೆ ಯಾರೋ."

ಎಂಬತ್ತೊಂದರಲ್ಲಿ ತಮ್ಮಣ್ಣನವರು ಒಬ್ಬೊಬ್ಬರಿಗೂ ಕಾಗದ ಬರೆದು ಹಳಬರನ್ನೆಲ್ಲ ಕೂಡಿಸಿದರು. ಬೆಳಗಾವಿಯಲ್ಲಿ ಮತ್ತೆ ತಗಡಿನ ಥಿಯೇಟರ್ ಎದ್ದಿತು. ಬೋರ್ಡಿನ ಮೇಲೆ ಗುರುಪುತ್ರಪ್ಪನ ಹೆಸರು ನಾಯಕನಿಗಿಂತ ದೊಡ್ಡ ಅಕ್ಷರದಲ್ಲಿತ್ತು, ಪಕ್ಕದಲ್ಲಿ ಸಿನಿಮಾದ ಆ ಮುಖವನ್ನೇ ಬರೆಸಿದ್ದರು. ಮೊದಲ ಆಟಕ್ಕೆ ನಿಲ್ಲಲೂ ಜಾಗವಿರಲಿಲ್ಲ. ಅಕ್ಕವ್ವ ಟ್ರಂಕಿನ ಮೇಲೆ ಕೂತಿದ್ದಳು, ಆಗ ಅವಳಿಗೆ ಎಪ್ಪತ್ತು ದಾಟಿತ್ತು.

ಗುರುಪುತ್ರಪ್ಪ ರಂಗಕ್ಕೆ ಬಂದಾಗ ಚಪ್ಪಾಳೆ ತಗಡನ್ನು ನಡುಗಿಸಿತು. ಅವನು ಬಾಯಿ ತೆರೆದ. ಮೊದಲ ನಾಲ್ಕು ಮಾತಿಗೆ ಜನ ಸುಮ್ಮನಿದ್ದರು. ಐದನೆಯದಕ್ಕೆ ಹಿಂದಿನಿಂದ ಯಾರೋ ಕೂಗಿದರು.

"ದನಿ ಬ್ಯಾರೆ ಐತಿ."

ನಗೆ ಎದ್ದಿತು. ಇನ್ನೊಬ್ಬ, "ಸಿನಿಮಾದಾಗಿನ ದನಿ ತಗೀರಿ" ಎಂದ. ಮುಂದಿನ ಕುರ್ಚಿಯವರೂ ತಿರುಗಿ ನೋಡಿ ನಕ್ಕರು. ಇಪ್ಪತ್ತು ವರ್ಷ ಇದೇ ಊರಿನ ಇದೇ ಜನ ಆ ಒರಟು ದನಿಗೆ ಉಸಿರು ಹಿಡಿದು ಕೂತವರು. ಈಗ ಅವರಿಗೆ ಅದು ಯಾರದೋ ಆಗಿತ್ತು. ಗುರುಪುತ್ರಪ್ಪ ಬೆವರಿದ. ಮಾತು ನಿಲ್ಲಿಸಲಿಲ್ಲ, ಅಂಕ ಮುಗಿಸಿಯೇ ಒಳಗೆ ಬಂದ. ವಿಂಗಿನಲ್ಲಿ ತಾಯಿ ಅವನ ಕೈಗಾಗಿ ತಡಕಾಡಿದಳು. ಅವನು ಕೈ ಕೊಡದೆ ಬಣ್ಣದ ಕೋಣೆಗೆ ಹೋದ.

ಆ ವಾರವೆಲ್ಲ ಹಾಗೇ ಆಯಿತು. ಶನಿವಾರ ತಮ್ಮಣ್ಣನವರು ಬಂದು ಅವನ ಎದುರಿಗೆ ನೆಲದ ಮೇಲೆಯೇ ಕೂತರು. ಅವರಿಗೂ ಮುಪ್ಪು. ಎಂದೂ ಯಾರ ಎದುರೂ ನೆಲದಲ್ಲಿ ಕೂತವರಲ್ಲ.

"ಗುರಪ್ಪಾ, ನಿನಗ ನಾ ಇದನ್ನ ಕೇಳಬಾರದು. ಖರೇ ಹೇಳ್ತೇನಿ, ಕೇಳಬಾರದು. ಆದ್ರ ನಲವತ್ತು ಮಂದಿ ಅದಾರ. ಹಾರ್ಮೋನಿಯಂ ಬಾರಿಸಾಂವ ಮಗಳನ್ನ ತವರಿಗೆ ಕರಕೊಂಡ ಬಂದಾನ, ಬಾಣಂತನಕ್ಕ. ಆ ಸಿನಿಮಾದಂವನಂಗ ಆಡಾಕ ಬರತದೇನು ನಿನಗ?"

ಗುರುಪುತ್ರಪ್ಪ ಕನ್ನಡಿಯಲ್ಲಿ ತನ್ನ ಮುಖ ನೋಡಿಕೊಂಡ. ಈಗ ಪೌಡರ್ ಬೇಕಾಗುತ್ತಿರಲಿಲ್ಲ, ಕೂದಲು ತಾನೇ ಬೆಳ್ಳಗಾಗಿತ್ತು. ಆಮೇಲೆ ಗಂಟಲು ಸರಿಮಾಡಿಕೊಂಡು, ಮೆತ್ತಗೆ, ಮೈಸೂರಿನ ಕಡೆಯವರ ಹಾಗೆ, "ಮಗಳೇ, ಈ ಮನೆಯ ಹೊಸ್ತಿಲು ನಿನಗೆಂದೂ ಎತ್ತರವಾಗದಿರಲಿ" ಎಂದ. ಅಷ್ಟು ಸಿನಿಮಾಗಳನ್ನು ಅಷ್ಟು ಸಲ ಕೇಳಿದ್ದ. ಬೇಡ ಬೇಡವೆಂದರೂ ಆ ದನಿ ಒಳಗೆಲ್ಲೋ ಕೂತುಬಿಟ್ಟಿತ್ತು. ತಮ್ಮಣ್ಣನವರು ಕಣ್ಣು ಮುಚ್ಚಿಕೊಂಡು ಕೇಳಿದರು. "ಅದ ದನಿ" ಎಂದರು. ಹೇಳಿ ಎದ್ದುಹೋದರು, ಅವನ ಮುಖ ನೋಡಲಾಗದೆ.

ಭಾನುವಾರ ಮಧ್ಯಾಹ್ನದ ಆಟ. ಜನ ಆ ದನಿ ಕೇಳಿ ಎದ್ದು ನಿಂತು ಚಪ್ಪಾಳೆ ಹೊಡೆದರು. ಹೊಸ್ತಿಲಿನ ಮಾತನ್ನು ಎರಡು ಸಲ ಹೇಳಿಸಿದರು. ಆಟ ಮುಗಿದು ಗುರುಪುತ್ರಪ್ಪ ವಿಂಗಿಗೆ ಬರುವಷ್ಟರಲ್ಲಿ ಅಕ್ಕವ್ವ ಸೊಸೆಯನ್ನು ಕೇಳುತ್ತಿದ್ದಳು.

"ಗುರಪ್ಪಗ ಆರಾಮಿಲ್ಲೇನು? ಇವತ್ತ ಯಾಕ ಬರಲಿಲ್ಲ?"

ಚಂದ್ರವ್ವ ಗಂಡನ ಮುಖ ನೋಡಿದಳು. "ಬಂದಿದ್ರಲ್ಲ ಅತ್ತೀ. ಎಲ್ಲಾ ಮಾತೂ ಅವರ ಆಡಿದ್ರು."

ಅಕ್ಕವ್ವ ಅವತ್ತು ಕೆಮ್ಮಿನದೂ ಹೇಳಲಿಲ್ಲ, ಅತ್ತದ್ದೂ ಹೇಳಲಿಲ್ಲ. ರೈಲಿನಲ್ಲಿ ಮನೆಗೆ ಹೋಗುವಾಗ, ಮಗ ಬಾಜುವಿನಲ್ಲಿ ಕೂತಿದ್ದಾನೆಂದು ತಿಳಿದೇ, ಸೊಸೆಗೆ ಹೇಳಿದಳು. "ಇನ್ನ ಮ್ಯಾಲೆ ನನ್ನ ಕರಕೊಂಡ ಬರಬ್ಯಾಡ ಚಂದ್ರವ್ವ. ನಡಾ ನೋಯತೈತಿ."

ನಡು ನೋಯುತ್ತಿರಲಿಲ್ಲ ಎಂದು ಮೂವರಿಗೂ ಗೊತ್ತಿತ್ತು.

ಐದು ವರ್ಷ ಅವನು ಆ ದನಿಯಲ್ಲಿ ಆಡಿದ. ಹುಬ್ಬಳ್ಳಿ, ಬಾಗಲಕೋಟೆ, ಅಥಣಿ, ಮತ್ತೆ ಬೆಳಗಾವಿ. ನಲವತ್ತು ಜನ ಉಂಡರು. ಮೊದಮೊದಲು ಆಟ ಮುಗಿದ ಕೂಡಲೇ ಆ ದನಿಯನ್ನು ಶಾಲಿನ ಜೊತೆ ತೆಗೆದಿಡುತ್ತಿದ್ದ. ಬರುಬರುತ್ತ ಅದು ಬಣ್ಣದ ಕೋಣೆಗೂ ಬಂತು, ಚಹಾದಂಗಡಿಗೂ ಬಂತು. ಒಮ್ಮೆ ರಜೆಗೆಂದು ಮನೆಗೆ ಬಂದವನು ನೀರು ಕೇಳಿದಾಗ ಚಂದ್ರವ್ವ ಒಳಗಿನಿಂದ ಬೆಚ್ಚಿ, ಯಾರು ಬಂದರೆಂದು ಸೆರಗು ಸರಿಮಾಡಿಕೊಂಡು ಬಂದಳು.

ಎಂಬತ್ತಾರರ ಶ್ರಾವಣದಲ್ಲಿ ಅಕ್ಕವ್ವ ಹಾಸಿಗೆ ಹಿಡಿದಳು. ಗುರುಪುತ್ರಪ್ಪ ಕ್ಯಾಂಪ್ ಬಿಟ್ಟು ಬಂದ. ಒಂದು ಮಧ್ಯಾಹ್ನ ಮಳೆ ಬಿಟ್ಟಿತ್ತು. ತಾಯಿ ಗೋಡೆಗೆ ಒರಗಿಸಿ ಕೂಡಿಸಲು ಹೇಳಿದಳು. ಕೈಯಾಡಿಸಿ ಅವನ ಮುಖ ಮುಟ್ಟಿದಳು, ಗಲ್ಲದ ಸುಕ್ಕು, ಬೆಳೆದ ಗಡ್ಡ.

"ಮುದುಕ ಆದಿ ಯಪ್ಪಾ."

"ಆದೆ ಯವ್ವ. ಐವತ್ತೊಂದು."

"ಆ ಹಳೇ ನಾಟಕದಾಗಿನ ಮಾತು ಅನ್ನು ಒಮ್ಮೆ. ಮಗಳನ್ನ ಕಳಸೂದು. ಭಾಳ ದಿನ ಆತು ಕೇಳಿ."

ಅವನು ಸುರುಮಾಡಿದ. ಬಂದದ್ದು ಬಿಂದುಮಾಧವನ ದನಿ. ನಿಲ್ಲಿಸಿದ. ನೀರು ಕುಡಿದು ಮತ್ತೆ ಸುರುಮಾಡಿದ. ಮಾತು ಖಾನಾಪುರದ್ದು, ದನಿ ಅದೇ. ಎದೆಯಿಂದ ತರಲು ನೋಡಿದ, ಹೊಟ್ಟೆಯಿಂದ ತರಲು ನೋಡಿದ. ನಾಟಕದ ಮಾತೆಂದರೆ ಅವನ ಗಂಟಲಿಗೆ ಈಗ ಅದೊಂದೇ ದಾರಿ ಗೊತ್ತಿತ್ತು. ಆ ಬಿರುಕನ್ನು ಅವನು ಎಲ್ಲಿ ಕಳೆದುಕೊಂಡಿದ್ದನೋ ಅವನಿಗೇ ತಿಳಿಯಲಿಲ್ಲ. ಮೂರನೆಯ ಸಲ ಮಾತು ಅರ್ಧಕ್ಕೆ ನಿಂತಿತು. ಅವನು ತಾಯಿಯ ಪಾದ ಹಿಡಿದುಕೊಂಡು ತಲೆ ತಗ್ಗಿಸಿದ.

ಅಕ್ಕವ್ವ, "ಇರಲಿ ಬಿಡು" ಎಂದಳು. ಆಮೇಲೆ ಕೇಳಿದಳು, "ಎಮ್ಮಿಗೆ ಮೇವು ಹಾಕಿರೇನು?"

"ಹಾಕೇವಿ ಯವ್ವ."

"ಯಾವ ಕಡೆ ಹುಲ್ಲು?"

"ಹೊಳಿ ದಂಡಿದು. ಈ ಸಲ ಮಳಿ ಚಲೋ ಆಗೇತಿ, ಹುಲ್ಲು ಮೊಣಕಾಲ ಮಟ ಬಂದೈತಿ. ಆದ್ರ ನಮ್ಮ ಎಮ್ಮಿ ಮೂಸಿ ಬಿಡತೈತಿ. ಅದಕ ನಿನ್ನ ಕೈಯಾಗಿಂದ ಬೇಕು."

ಅಕ್ಕವ್ವನ ಮುಖ ನಿಧಾನಕ್ಕೆ ಅವನ ಕಡೆ ತಿರುಗಿತು. "ಹಾಂ" ಎಂದಳು. "ಹಿಂಗ ಹೇಳು. ಇನ್ನಷ್ಟು ಹೇಳು."

ಅವನು ಎಮ್ಮೆಯ ವಿಷಯ ಹೇಳಿದ. ಹಲಸಿಯಲ್ಲಿ ಅವಳ ತವರಿನ ಹಿತ್ತಲಿನ ಹಲಸಿನ ಮರ ಗಾಳಿಗೆ ಬಿದ್ದದ್ದು, ಬೀರಣ್ಣನ ಮಗಳಿಗೆ ವರ ನೋಡುತ್ತಿರುವುದು, ಹಂಚಿನ ಕಾರ್ಖಾನೆಯ ಚಿಮಣಿಗೆ ಸಿಡಿಲು ಬಡಿದದ್ದು, ಬಾಯಿಗೆ ಬಂದದ್ದೆಲ್ಲ ಹೇಳಿದ. ಪಾತ್ರವಿಲ್ಲದ ಮಾತು. ದೀಪ ಹಚ್ಚುವ ಹೊತ್ತಿನವರೆಗೂ ಅವಳು ಕೇಳಿದಳು, ನಡುನಡುವೆ ಹೂಂಗುಟ್ಟಿದಳು. ಮೂರನೆಯ ದಿನ ಬೆಳಿಗ್ಗೆ ಚಂದ್ರವ್ವ ಗಂಜಿ ತಂದಾಗ ಉಸಿರು ನಿಂತಿತ್ತು.

ಮಣ್ಣು ಮಾಡುವಾಗ ಊರೇ ಸೇರಿತ್ತು. ಸಿನಿಮಾದವನು ಹೇಗೆ ಅಳುತ್ತಾನೆಂದು ನೋಡಲು ಬಂದವರೂ ಇದ್ದರು. ವಿಭೂತಿ ಹಚ್ಚಿ, ಕುಣಿಯಲ್ಲಿ ಕೂಡಿಸಿದ ತಾಯಿಯ ಮಡಿಲಿಗೆ ಬಿಲ್ವಪತ್ರಿ ಹಾಕಿ, ಅವನು ಮೊದಲ ಹಿಡಿ ಮಣ್ಣು ಬಿಟ್ಟ. ಬಾಯಿ ತೆರೆಯಲಿಲ್ಲ. ತೆರೆದರೆ ಯಾವ ದನಿ ಬರುತ್ತದೋ ಎಂಬ ಅಂಜಿಕೆ ಇತ್ತು.

ಆರು ತಿಂಗಳ ಮೇಲೆ, ಮಾಘದ ಒಂದು ಬೆಳಿಗ್ಗೆ, ಚಂದ್ರವ್ವ ಒಳಗೆ ರೊಟ್ಟಿ ಬಡಿಯುತ್ತಿದ್ದಳು. ಅಂಗಳದಲ್ಲಿ ಯಾರೋ ಕರೆದರು.

"ಮನ್ಯಾಗ ಯಾರಿದ್ದೀರಿ?"

ಗಂಡ ಬಂದನೆಂದುಕೊಂಡಳು. ಮರುಗಳಿಗೆ ಅನಿಸಿತು, ಇದು ಗಂಡನದಲ್ಲ, ಗಂಡ ಕಲಿತ ದನಿಯ ಮೂಲ. ಸಿನಿಮಾದ ದನಿ ಬೆಳಗಾವಿಯ ಮಾತಾಡುತ್ತಿತ್ತು. ಹಿಟ್ಟಿನ ಕೈಯಲ್ಲೇ ಹೊರಗೆ ಬಂದಳು. ಕೊಡೆ ಹಿಡಿದ ಸಣಕಲು ಮುದುಕರೊಬ್ಬರು ನಿಂತಿದ್ದರು.

"ನಾನು ಬಿಂದುಮಾಧವ. ಮದ್ರಾಸ್ ಬಿಟ್ಟು ಬಂದೇನ್ರಿ. ಹಿಂದವಾಡ್ಯಾಗ ನಮ್ಮ ಅಕ್ಕ ರಾಧಾಬಾಯಿ ಮನ್ಯಾಗ ಇರ್ತೇನಿ. ನಿಮ್ಮ ಅತ್ತಿಯವರು ಹೋದ ಸುದ್ದಿ ಮೊನ್ನೆ ತಿಳೀತು."

ಕೊಟ್ಟಿಗೆಯಿಂದ ಬಂದ ಗುರುಪುತ್ರಪ್ಪ ಅವರನ್ನು ನೋಡಿ ಅಲ್ಲೇ ನಿಂತ. ಒಂಬತ್ತು ವರ್ಷ ಅವನು ಮನಸ್ಸಿನಲ್ಲಿ ಈ ಮನುಷ್ಯನಿಗೆ ಏನೇನೋ ಅಂದುಕೊಂಡಿದ್ದ. ಎದುರಿಗೆ ಕಂಡಾಗ, ಕಾಲಿನ ಧೂಳು, ಹರಿದ ಕೊಡೆ, ನಡೆದು ಬಂದ ಏದುಸಿರು ಕಂಡವು. "ಬರ್ರಿ, ಕುಂದರ್ರಿ" ಎಂದ.

ಚಹಾ ಬಂತು. ಬಿಂದುಮಾಧವರೇ ಮಾತು ತೆಗೆದರು.

"ಹದಿನಾಲ್ಕು ಸಿನಿಮಾ ನಿಮ್ಮ ಮಾರಿ ನೋಡಕೋತ ಮಾತಾಡೇನ್ರಿ. ನೀವು ಎಲ್ಲೆ ಉಸರ ತಗೋತೀರಿ ಅನ್ನೂದು ನನಗ ಗೊತ್ತದ. ನಿಮ್ಮ ಬಾಯಿ ನಮ್ಮ ಕಡಿ ಮಾತ ಆಡತಿತ್ತು, ನಾ ಅದರ ಮ್ಯಾಲೆ ಬ್ಯಾರೆ ಮಾತ ಹಚ್ಚತಿದ್ದೆ. ಅದನ್ನ ಹಚ್ಚೂ ಮುಂದ ಪ್ರತಿ ಸಲ ನಾಚಿಕಿ ಬರತಿತ್ತು. ಹೊಟ್ಟಿಪಾಡು. ಅವತ್ತ ಥಿಯೇಟರ್‌ನ್ಯಾಗ ನಿಮ್ಮ ಮಾರಿ ನೋಡಲಿಕ್ಕೆ ಆಗಲಿಲ್ಲ ನನಗ."

"ನಾನೂ ತಪ್ಪ ಮಾಡೇನ್ರಿ" ಎಂದ ಗುರುಪುತ್ರಪ್ಪ. "ಐದ ವರ್ಷ ನಿಮ್ಮ ದನೀಲೆ ನಾಟಕ ಆಡಿದೆ. ನಿಮ್ಮ ಹೆಸರು ಎಲ್ಲೂ ಹೇಳಲಿಲ್ಲ."

"ಗೊತ್ತದ. ಬಂದಿದ್ದೆ." ಬಿಂದುಮಾಧವರು ಬಟ್ಟಲನ್ನು ಕೆಳಗಿಟ್ಟರು. "ಹ್ವಾದ ವರ್ಷ ಅಕ್ಕನ ಮನಿಗೆ ಬಂದಾಗ ಟಿಕೀಟ್ ತಗೊಂಡು ಹಿಂದಿನ ಸಾಲಿನ್ಯಾಗ ಕೂತಿದ್ದೆ. ಮಂದಿ ಎದ್ದು ಚಪ್ಪಾಳಿ ಹೊಡದ್ರು. ಸಿನಿಮಾದಾಗ ನನ್ನ ಹೆಸರು ಒಮ್ಮೆನೂ ಬರಲಿಲ್ಲರಿ, ಅಕ್ಕ ಇನ್ನೂ ತನಕ ನಂಬೂದಿಲ್ಲ ಅದು ನನ್ನ ದನಿ ಅಂತ. ಅವತ್ತ ಆ ಚಪ್ಪಾಳಿ ನನಗ ಅಂತ ತಿಳಕೊಂಡು ಮನಿಗೆ ಹೋದೆ."

ಚಂದ್ರವ್ವ ಇಬ್ಬರಿಗೂ ಬಿಸಿ ರೊಟ್ಟಿ, ಬದನೆಕಾಯಿ ಪಲ್ಯ ತಂದಿಟ್ಟಳು. ಉಣ್ಣುತ್ತ ಬಿಂದುಮಾಧವರು ಅಕ್ಕವ್ವನ ವಿಷಯ ಕೇಳಿದರು. ಗುರುಪುತ್ರಪ್ಪ ಟಾಕೀಸಿನ ಸಂಗತಿ ಹೇಳಿದ, ಅವನಿಗೆ ಮಗಳಿಲ್ಲ ಬಿಡು ಎಂದು ತಾಯಿ ಅಂದದ್ದನ್ನೂ ಹೇಳಿದ. ಬಿಂದುಮಾಧವರ ಕೈ ರೊಟ್ಟಿಯ ಮೇಲೆ ನಿಂತಿತು.

"ಇದ್ದಳು" ಎಂದರು. "ಕುಂದಾ ಅಂತ ಹೆಸರು. ಏಳು ವರ್ಷದಾಕಿ ಇದ್ದಾಗ ಹ್ವಾದಳು. ಆ ಮಾತ ಆಡೂ ಮುಂದ ಆಕಿ ನೆನಪು ಬಂದ್ರ ದನಿ ಒಡೀತದ ಅಂತ ಗಟ್ಟಿ ಹಿಡದು ಆಡಿದೆ. ನಿಮ್ಮ ತಾಯಿಯವರಿಗೆ ಅದು ಕೇಳಿಸೇದ."

ಮಧ್ಯಾಹ್ನ ಬಸ್ ಸ್ಟ್ಯಾಂಡಿಗೆ ಇಬ್ಬರೂ ನಡೆದುಹೋದರು. ಬೆಳಗಾವಿಯ ಬಸ್ಸು ಇನ್ನೂ ಬಂದಿರಲಿಲ್ಲ. ಯಾರೋ ಗುರುಪುತ್ರಪ್ಪನ ಗುರುತು ಹಿಡಿದರು. ಹತ್ತಿಪ್ಪತ್ತು ಜನ ಸೇರಿದರು, ಒಬ್ಬ ಹೊಸ್ತಿಲಿನ ಮಾತು ಹೇಳಿರೆಂದು ಕೇಳಿದ. ಬಿಂದುಮಾಧವರು ಮೆಲ್ಲಗೆ ಹಿಂದೆ ಸರಿದು ಕಂಬದ ಬಾಜುವಿಗೆ ನಿಂತರು. ಗುರುಪುತ್ರಪ್ಪ ಹೋಗಿ ಅವರ ರಟ್ಟೆ ಹಿಡಿದು ಮುಂದೆ ತಂದ.

"ಆ ದನಿ ನಂದಲ್ಲ" ಎಂದ. "ಇವರದು. ಬಿಂದುಮಾಧವ ಅಂತ, ಹಿಂದವಾಡಿಯವರು. ಎಲ್ಲಾ ಸಿನಿಮಾದಾಗೂ ಇವರ ಮಾತಾಡ್ಯಾರ."

ಜನ ಆ ಸಣಕಲು ಮುದುಕರನ್ನು ಮೇಲಿನಿಂದ ಕೆಳಗೆ ನೋಡಿದರು.

"ಚ್ಯಾಷ್ಟಿ ಮಾಡ್ತಾರ ತಗೋ" ಎಂದನೊಬ್ಬ. ಎಲ್ಲರೂ ನಕ್ಕರು. ಬಿಂದುಮಾಧವರು ಏನೋ ಹೇಳಲು ಬಾಯಿ ತೆರೆದರು. ಅಷ್ಟರಲ್ಲಿ ಬಸ್ಸು ಬಂತು, ಜನ ಸೀಟು ಹಿಡಿಯಲು ಓಡಿದರು. ಅವರು ತೆರೆದ ಬಾಯಿ ಹಾಗೇ ಮುಚ್ಚಿ, ಗುರುಪುತ್ರಪ್ಪನ ಕೈಯನ್ನು ಎರಡೂ ಕೈಯಲ್ಲಿ ಹಿಡಿದು ಒತ್ತಿ, ಬಸ್ಸು ಹತ್ತಿದರು.

ಆ ಬೇಸಿಗೆಯ ಕ್ಯಾಂಪಿಗೆ ಗುರುಪುತ್ರಪ್ಪ ಹೋಗಿ, ಇನ್ನು ಆ ದನಿಯಲ್ಲಿ ಆಡುವುದಿಲ್ಲ ಎಂದು ಹೇಳಿದ. ತಮ್ಮಣ್ಣನವರು ವಾದ ಮಾಡಲಿಲ್ಲ. ಬೋರ್ಡಿನ ಮೇಲಿನ ಮುಖ ಅಳಿಸಿದರು. ಅವನಿಗೆ ಟಪಾಲಿನವನು, ಪೂಜಾರಿ, ಹೊಲದ ಕಾವಲಿನವನು ಇಂಥ ನಾಲ್ಕು ಮಾತಿನ ಪಾತ್ರಗಳು ಬಂದವು. ತನ್ನ ದನಿಯಲ್ಲೇ ಆಡಿದ. ಅದೂ ಹಳೆಯದರ ಹಾಗೆ ಇರಲಿಲ್ಲ, ಎರಡರ ನಡುವೆ ಎಲ್ಲೋ ಇತ್ತು. ಜನ ನಗಲಿಲ್ಲ, ಗಮನಿಸಲೂ ಇಲ್ಲ. ಎಂಬತ್ತೊಂಬತ್ತರಲ್ಲಿ ಕಂಪನಿ ಮುಚ್ಚಿದಾಗ ಅವನು ಬಟ್ಟೆಯ ಗಂಟು ಕಟ್ಟಿಕೊಂಡು, ತಮ್ಮಣ್ಣನವರ ಕಾಲಿಗೆ ನಮಸ್ಕಾರ ಮಾಡಿ, ಹಿಂದವಾಡಿಗೆ ಹೋದ. ರಾಧಾಬಾಯಿ ಬಾಗಿಲು ತೆಗೆದು, ತಮ್ಮ ತೀರಿಹೋಗಿ ಎರಡು ತಿಂಗಳಾಯಿತು ಎಂದರು. ಅವನು ಪಡಸಾಲೆಯಲ್ಲಿ ಕೂತು ನೀರು ಕುಡಿದ. ಆಮೇಲೆ ರಾಧಾಬಾಯಿಯವರಿಗೆ ಅವರ ತಮ್ಮ ಯಾವ ಯಾವ ಸಿನಿಮಾದಲ್ಲಿ ಮಾತಾಡಿದ್ದರು ಎಂದು ಒಂದೊಂದಾಗಿ ಹೇಳತೊಡಗಿದ. ಅವರು ಮೊದಲು ಇಲ್ಲವೆಂದು ತಲೆಯಾಡಿಸಿದರು, ಆಮೇಲೆ ಸೆರಗು ಬಾಯಿಗೆ ಒತ್ತಿಕೊಂಡು ಕೇಳಿದರು.